ಮುಳ್ಳು 612ರ ಮೇಲೆ: ರೇಡಿಯೋದಲ್ಲಿ ಕ್ರಿಕೆಟ್ ಕೇಳುವ ಪಾಠ

ಈ ಲೇಖನ ಶುರುವಾಗಿದ್ದು ಒಂದು ಸೋಲಿನಿಂದ. ಸೋತಿದ್ದು ಟೀಮ್ ಇಂಡಿಯಾ ಅಲ್ಲ, ನಾವು.

ನಾವು ಅಂದ್ರೆ ಮೂವರು. ಮೂವರದ್ದೂ ಎರಡನೇ ವರ್ಷ, ಎಲೆಕ್ಟ್ರಾನಿಕ್ಸ್ ವಿಭಾಗ, ಒಂದೇ ಲ್ಯಾಬ್ ಬ್ಯಾಚ್. ಓದಿದ್ದೆಲ್ಲ ಇಂಗ್ಲಿಷ್ ಮೀಡಿಯಂ. ಹಾಗಾಗಿ ಕಾಗುಣಿತ ತಪ್ಪಿದ್ದರೆ ಸಂಪಾದಕರನ್ನ ಬೈಯಬೇಡಿ, ನಮ್ಮನ್ನೇ ಬೈಯಿರಿ. ನಮ್ಮಲ್ಲೊಬ್ಬನ ಮನೆ ಕುವೆಂಪುನಗರದಲ್ಲಿ. ಅಲ್ಲಿ ಎಂಬತ್ತು ದಾಟಿದ ತಾತ ಇದ್ದಾರೆ. ಗ್ಲಾಕೋಮಾದಿಂದ ಅವರ ಕಣ್ಣು ನಿಧಾನಕ್ಕೆ ಹೋಯ್ತು. ಈಗ ಬೆಳಕು, ಕತ್ತಲು ಮಾತ್ರ ಗೊತ್ತಾಗುತ್ತೆ.

ಒಂದು ಭಾನುವಾರ ಅವರ ಮನೆಗೆ ಊಟಕ್ಕೆ ಹೋಗಿದ್ವಿ. ಟಿವಿಯಲ್ಲಿ ಭಾರತದ ಪಂದ್ಯ. ತಾತ ನಮ್ಮ ಜತೆ ಸೋಫಾದಲ್ಲಿ ಕೂತಿದ್ದರು. ಪ್ರತಿ ಚೆಂಡಿಗೂ "ಏನಾಯ್ತ್ರಪ್ಪಾ?" ಅಂತ ಕೇಳ್ತಿದ್ದರು. ಮೊದಲ ಐದು ಓವರ್ ನಾವು ಚೆನ್ನಾಗಿಯೇ ಹೇಳಿದ್ವಿ. ಆಮೇಲೆ "ಒಂದು ರನ್ ತಾತ" ಅಂದ್ವಿ. ಆಮೇಲೆ "ಏನಿಲ್ಲ ತಾತ". ಹದಿನೈದನೇ ಓವರ್ ಹೊತ್ತಿಗೆ ಅವರು ಕೇಳೋದನ್ನೇ ನಿಲ್ಲಿಸಿದ್ದರು. ಯಾವಾಗ ಎದ್ದು ಒಳಗೆ ಹೋದರೋ ನಮಗೆ ಗೊತ್ತೇ ಆಗಲಿಲ್ಲ. ಅಜ್ಜಿ ಕಾಫಿ ತಂದವರು, "ರೇಡಿಯೋ ಸರಿಯಿದ್ದಾಗ ಹೀಗಿರಲಿಲ್ಲ ನೋಡಿ" ಅಂದು ಹೋದರು. ನಮಗೆ ಕಾಫಿ ಗಂಟಲಲ್ಲಿ ಇಳಿಯಲಿಲ್ಲ.

ಟಿವಿ ಮುಂದೆ ಕೂತ ತಾತನಿಗೆ ಯಾಕೆ ಆಟ ಸಿಗಲಿಲ್ಲ? ವಾಪಸ್ ಹೋಗುವಾಗ ಬಸ್ಸಲ್ಲಿ ಇದೇ ಮಾತು. ಟಿವಿ ವಿವರಣೆಗಾರರು ಚಿತ್ರ ಕಾಣುತ್ತೆ ಅಂತ ತಿಳಿದೇ ಮಾತಾಡ್ತಾರೆ. "ಎಂಥ ಶಾಟ್!" ಅಂತಾರೆ, ಎಲ್ಲಿಗೆ ಹೋಯ್ತು ಅಂತ ಹೇಳೋದಿಲ್ಲ. ಹೇಳೋ ಅಗತ್ಯ ಅವರಿಗಿಲ್ಲ. ರೇಡಿಯೋದವರು ಹಾಗಲ್ಲ. ಕೇಳುವ ಯಾರಿಗೂ ಮೈದಾನ ಕಾಣೋದಿಲ್ಲ ಅನ್ನೋದೇ ಅವರ ಕೆಲಸದ ತಳಪಾಯ. ರೇಡಿಯೋ ಮುಂದೆ ಕಣ್ಣಿದ್ದವರೂ ಇಲ್ಲದವರೂ ಒಂದೇ. ಹಾಗಾಗಿ ತಾತನಿಗೆ ಬೇಕಿದ್ದದ್ದು ನಮ್ಮ ಅರೆಮನಸ್ಸಿನ ವರದಿ ಅಲ್ಲ, ರೇಡಿಯೋ.

ಆ ರೇಡಿಯೋವನ್ನ ಮತ್ತೆ ಮಾತಾಡಿಸೋಕೆ ಹೋಗಿ ನಾವು ಕಲಿತದ್ದೆಲ್ಲ ಇಲ್ಲಿದೆ. ಮೈಸೂರಲ್ಲಿ ಕೂತು ಪಂದ್ಯದ ವೀಕ್ಷಕ ವಿವರಣೆ ಕೇಳೋಕೆ ಎಷ್ಟು ದಾರಿಗಳಿವೆ, ಒಂದೊಂದೂ ಹೇಗೆ ಕೆಲಸ ಮಾಡುತ್ತೆ, ಎಲ್ಲಿ ಕೈ ಕೊಡುತ್ತೆ ಅಂತ ಒಂದೊಂದಾಗಿ ನೋಡೋಣ.

ಮೊದಲು ಸ್ವಲ್ಪ ಇತಿಹಾಸ

ರೇಡಿಯೋ ವಿಷಯದಲ್ಲಿ ಮೈಸೂರಿನವರು ಸ್ವಲ್ಪ ಜಂಬ ಪಡಬಹುದು. ಮಹಾರಾಜ ಕಾಲೇಜಿನಲ್ಲಿ ಮನಃಶಾಸ್ತ್ರ ಹೇಳಿಕೊಡುತ್ತಿದ್ದ ಪ್ರೊಫೆಸರ್ ಎಂ. ವಿ. ಗೋಪಾಲಸ್ವಾಮಿ 1935ರಲ್ಲಿ ತಮ್ಮ ಮನೆ 'ವಿಠಲ ವಿಹಾರ'ದಲ್ಲೇ ಒಂದು ರೇಡಿಯೋ ಕೇಂದ್ರ ಶುರು ಮಾಡಿದರು. ಟ್ರಾನ್ಸ್‌ಮಿಟರ್ ಶಕ್ತಿ ಎಷ್ಟು ಗೊತ್ತಾ? 30 ವ್ಯಾಟ್. ನಮ್ಮ ಹಾಸ್ಟೆಲ್ ರೂಮಿನ ಫ್ಯಾನ್ ಅದಕ್ಕಿಂತ ಜಾಸ್ತಿ ಕರೆಂಟ್ ತಿನ್ನುತ್ತೆ. ಆ ಕೇಂದ್ರದ ಹೆಸರು 'ಆಕಾಶವಾಣಿ'. ಮುಂದೆ 1950ರ ದಶಕದಲ್ಲಿ ಇಡೀ ದೇಶದ ರೇಡಿಯೋ ಜಾಲ ಇದೇ ಹೆಸರನ್ನ ತನ್ನದಾಗಿಸಿಕೊಂಡಿತು.

ಕ್ರಿಕೆಟ್ ವಿವರಣೆ ನಮ್ಮ ದೇಶದಲ್ಲಿ ಶುರುವಾದದ್ದೂ ಅದೇ 1930ರ ದಶಕದಲ್ಲೇ. ಬೊಂಬಾಯಿಯ ಬಾಬಿ ತಲ್ಯಾರ್‌ಖಾನ್ ಒಬ್ಬರೇ ಇಡೀ ದಿನ ಮಾತಾಡುತ್ತಿದ್ದರು, ಮೈಕನ್ನ ಇನ್ನೊಬ್ಬರ ಜತೆ ಹಂಚಿಕೊಳ್ಳೋಕೆ ಒಪ್ಪುತ್ತಿರಲಿಲ್ಲ. ಆಮೇಲೆ ಇಂಗ್ಲಿಷ್, ಹಿಂದಿ ಸರದಿ ಮೇಲೆ ಬರೋ ಪದ್ಧತಿ ಬಂತು. ಹಿಂದಿಯಲ್ಲಿ ಸುಶೀಲ್ ದೋಶಿ, ಜಸದೇವ್ ಸಿಂಗ್, ರವಿ ಚತುರ್ವೇದಿ ಇವರ ದನಿಗಳು ಮನೆಮನೆಗೆ ಪರಿಚಯ. ತಾತನಿಗೆ ಹಿಂದಿ ಬರೋದಿಲ್ಲ. ಆದರೆ ಒಂದರಿಂದ ಮುನ್ನೂರೈವತ್ತರ ತನಕ ಹಿಂದಿ ಎಣಿಕೆ ನೀರು ಕುಡಿದಷ್ಟು ಸಲೀಸು. "ಅದಕ್ಕಿಂತ ಮುಂದೆ ಕಲಿಯೋಕೆ ನಮ್ಮವರು ಅಷ್ಟು ಹೊಡೀತಿರಲಿಲ್ಲವಲ್ಲಪ್ಪ" ಅಂತಾರೆ.

ಚಿತ್ರವೇ ಇಲ್ಲದೆ ದೊಡ್ಡದಾದ ಪಂದ್ಯವೂ ಒಂದಿದೆ. 1983ರ ಜೂನ್ 18, ಟನ್‌ಬ್ರಿಜ್ ವೆಲ್ಸ್, ಜಿಂಬಾಬ್ವೆ ವಿರುದ್ಧ ವಿಶ್ವಕಪ್ ಪಂದ್ಯ. ಭಾರತ 17 ರನ್ನಿಗೆ 5 ವಿಕೆಟ್. ಅಲ್ಲಿಂದ ಕಪಿಲ್ ದೇವ್ ಔಟಾಗದೆ 175 ಹೊಡೆದರು. ಒಂಬತ್ತನೇ ವಿಕೆಟ್ಟಿಗೆ ಅವರ ಜತೆ ಕೊನೆ ತನಕ ನಿಂತು 126 ಸೇರಿಸಿದವರು ನಮ್ಮ ಕರ್ನಾಟಕದ ಸೈಯದ್ ಕಿರ್ಮಾನಿ. ಆ ಇನಿಂಗ್ಸಿನ ಟಿವಿ ಚಿತ್ರೀಕರಣ ಇಲ್ಲ. ಯೂಟ್ಯೂಬಲ್ಲಿ ಎಷ್ಟು ಹುಡುಕಿದರೂ ಸಿಗೋದಿಲ್ಲ. ಅದು ಉಳಿದಿರೋದು ಸ್ಕೋರ್ ಕಾರ್ಡಿನಲ್ಲಿ ಮತ್ತು ಜನರ ಮಾತಿನಲ್ಲಿ.

ದಾರಿ ಒಂದು: ಮಧ್ಯಮ ತರಂಗ

ತಾತನ ರೇಡಿಯೋದ ಮುಳ್ಳು ವರ್ಷಗಟ್ಟಲೆ ನಿಂತಿದ್ದು 612ರ ಮೇಲೆ. ಅದು ಬೆಂಗಳೂರು ಆಕಾಶವಾಣಿಯ ಜಾಗ, 612 ಕಿಲೋಹರ್ಟ್ಜ್. ಧಾರವಾಡ 765, ಭದ್ರಾವತಿ 675, ಕಲಬುರಗಿ 1107. ಹಳೇ ಕಾಲದವರಿಗೆ ಇವೆಲ್ಲ ಫೋನ್ ನಂಬರ್ ಥರ ಬಾಯಿಪಾಠ.

ಲೆಕ್ಕ ನೋಡಿ: ಬೆಳಕಿನ ವೇಗವನ್ನ 612 ಸಾವಿರದಿಂದ ಭಾಗಿಸಿದರೆ ತರಂಗದ ಉದ್ದ ಸುಮಾರು 490 ಮೀಟರ್. ಇಷ್ಟು ಉದ್ದದ ಅಲೆ ನೆಲ ಹಿಡಿದು ತೆವಳಿಕೊಂಡು ಬರುತ್ತೆ. ದಾರಿಯಲ್ಲಿ ಗುಡ್ಡ ಇದ್ದರೂ ಸುತ್ತಿಕೊಂಡು ಬರುತ್ತೆ. ಅದಕ್ಕೇ ಬೆಂಗಳೂರಿನ ಸ್ಟೇಷನ್ನು ಸುಮಾರು 140 ಕಿಲೋಮೀಟರ್ ದೂರದ ಮೈಸೂರಿಗೆ ಹಗಲಲ್ಲೂ ಮುಟ್ಟೋದು. ರಾತ್ರಿ ಕಥೆಯೇ ಬೇರೆ. ಹಗಲಲ್ಲಿ ವಾತಾವರಣದ ಮೇಲ್ಭಾಗದ 'ಡಿ' ಪದರ ಈ ಅಲೆಗಳನ್ನ ನುಂಗಿಬಿಡುತ್ತೆ. ಸೂರ್ಯ ಮುಳುಗಿದ ಮೇಲೆ ಆ ಪದರ ಕರಗುತ್ತೆ, ಅಲೆ ಇನ್ನೂ ಮೇಲಿನ ಪದರಕ್ಕೆ ತಾಗಿ ವಾಪಸ್ ನೆಲಕ್ಕೆ ಬರುತ್ತೆ. ಅದಕ್ಕೇ ರಾತ್ರಿ ಕಿವಿ ತಿರುವಿದರೆ ತಮಿಳು, ತೆಲುಗು, ಹಿಂದಿ ಎಲ್ಲ ಒಂದರ ಮೇಲೊಂದು ಬರೋದು.

ಕೇಳುವವರಿಗೆ ಮೂರು ಉಪಾಯ.

ಒಂದು, ರೇಡಿಯೋವನ್ನ ತಿರುಗಿಸಿ. ಮಧ್ಯಮ ತರಂಗಕ್ಕೆ ಮೇಲೆಳೆಯೋ ಕಡ್ಡಿ ಆಂಟೆನಾ ಸಾಮಾನ್ಯವಾಗಿ ಕೆಲಸಕ್ಕೆ ಬರೋದಿಲ್ಲ. ಡಬ್ಬಿಯ ಒಳಗೆ ಅಡ್ಡಲಾಗಿ ಮಲಗಿರೋ ಫೆರೈಟ್ ಸರಳೇ ಆಂಟೆನಾ. ಅದರ ತುದಿ ಸ್ಟೇಷನ್ ಕಡೆ ಇದ್ದರೆ ದನಿ ಸಣ್ಣ, ಮಗ್ಗುಲು ಇದ್ದರೆ ದನಿ ಜೋರು. ಮೈಸೂರಿಂದ ಬೆಂಗಳೂರು ಇರೋದು ಈಶಾನ್ಯಕ್ಕೆ. ರೇಡಿಯೋದ ಮುಖವನ್ನೋ ಬೆನ್ನನ್ನೋ ಆ ಕಡೆಗಿಡಿ.

ಎರಡು, ಕಿಟಕಿ ಹತ್ತಿರ ಇಡಿ. ಕಾಂಕ್ರೀಟಿನ ಒಳಗಿನ ಕಬ್ಬಿಣದ ಬಲೆ ಸಿಗ್ನಲ್ಲನ್ನ ಅಲ್ಲೇ ತಡೆಯುತ್ತೆ.

ಮೂರು, ಸೆಲ್ ಹಾಕಿ ಕೇಳಿ. ಯಾಕೆ ಅನ್ನೋದು ಮುಂದಿನ ಭಾಗದಲ್ಲಿ. ಅಲ್ಲೇ ನಮ್ಮ ಮಾನ ಹೋದದ್ದು ಕೂಡ.

ರೇಡಿಯೋ ಕೆಟ್ಟಿರಲಿಲ್ಲ

ತಾತನ ರೇಡಿಯೋ ಎರಡು ವರ್ಷದಿಂದ ಬರೀ 'ಗೊರ್ರ್' ಅಂತಿತ್ತು. ರಿಪೇರಿ ಅಂಗಡಿಗೆ ಕೊಟ್ಟರೆ ಅಲ್ಲಿ ಚೆನ್ನಾಗೇ ಹಾಡುತ್ತೆ, ಮನೆಗೆ ತಂದರೆ ಮತ್ತೆ ಗೊರ್ರ್. ವಯಸ್ಸಾಯ್ತು, ಬಿಸಾಕಿ ಅಂತ ಮನೆಯವರೆಲ್ಲ ಹೇಳಿಯಾಗಿತ್ತು. ತಾತ ಬಿಸಾಕಿರಲಿಲ್ಲ, ಬೀರುವಿನ ಮೇಲೆ ಬಟ್ಟೆ ಸುತ್ತಿ ಇಟ್ಟಿದ್ದರು.

ಮುಂದಿನ ಶನಿವಾರ ಮಲ್ಟಿಮೀಟರ್, ಸೋಲ್ಡರಿಂಗ್ ಐರನ್ ಎಲ್ಲ ಹೊತ್ತುಕೊಂಡು ಹೋದ್ವಿ. ಹಿಂದಿನ ಮುಚ್ಚಳ ಬಿಚ್ಚಿದ್ವಿ. ಸ್ಪೀಕರ್ ಸರಿ, ಸೆಲ್ ಸರಿ, ತಂತಿಗಳು ಸರಿ. ಒಂದು ಗಂಟೆ ತಲೆ ಕೆರೆದುಕೊಂಡ್ವಿ. ಆಗ ಕರೆಂಟ್ ಹೋಯ್ತು.

ರೇಡಿಯೋ ಮಾತಾಡೋಕೆ ಶುರು ಮಾಡ್ತು.

ಸ್ಪಷ್ಟ ಕನ್ನಡ. ಯಾರೋ ರೈತರಿಗೆ ಏನೋ ಹೇಳ್ತಿದ್ದರು. ತಾತ ಹಜಾರದಿಂದ ಗೋಡೆ ಹಿಡಿದುಕೊಂಡು ಬಂದರು. ಐದು ನಿಮಿಷ ಯಾರೂ ಮಾತಾಡಲಿಲ್ಲ. ಕರೆಂಟ್ ಬಂತು, ಗೊರ್ರ್ ವಾಪಸ್.

ಅಲ್ಲಿಂದ ಕೆಲಸ ಸುಲಭ. ಮನೆಯ ಎಲ್ಲ ಸ್ವಿಚ್ ಆಫ್ ಮಾಡಿ ಒಂದೊಂದೇ ಹಾಕುತ್ತಾ ಬಂದ್ವಿ. ಫ್ರಿಜ್, ಏನಿಲ್ಲ. ಹಜಾರದ ಎಲ್‌ಇಡಿ ಟ್ಯೂಬು, ಸ್ವಲ್ಪ ಕರಕರ. ಕೊನೆಗೆ ನಮ್ಮ ಗೆಳೆಯನ ರೂಮಿನ ಪ್ಲಗ್ ಹಾಕಿದಾಗ ಪೂರ್ತಿ ಗೊರ್ರ್. ಆ ಪ್ಲಗ್ಗಿನಲ್ಲಿ ಇದ್ದದ್ದು ಅವನ ಲ್ಯಾಪ್‌ಟಾಪ್ ಅಡಾಪ್ಟರ್. ಅಸಲಿ ಹಾಳಾದ ಮೇಲೆ ಕಡಿಮೆ ಬೆಲೆಗೆ ತಂದ, ಹೆಸರಿಲ್ಲದ ಮಾಲು. ಯಾವಾಗ ತಂದದ್ದು? ಎರಡು ವರ್ಷದ ಹಿಂದೆ, ಕಾಲೇಜು ಸೇರೋ ಮುಂಚೆ. ರೂಮಿಗೂ ತಾತನ ಮಂಚಕ್ಕೂ ನಡುವೆ ಒಂದೇ ಗೋಡೆ.

ಅವನು ಏನೂ ಹೇಳಲಿಲ್ಲ. ಸ್ವಿಚ್ ಆರಿಸಿ ಅಡಾಪ್ಟರ್ ಕಿತ್ತು ಜೇಬಲ್ಲಿ ಇಟ್ಟುಕೊಂಡ. ತಾತನಿಗೆ ನಿಜ ಹೇಳಿದಾಗ ಅವರು ನಕ್ಕು, "ಹೋಗ್ಲಿ ಬಿಡಪ್ಪ, ನೀನೇನು ಬೇಕೂಂತ ಮಾಡಿದ್ಯಾ" ಅಂದರು. ಬೈದಿದ್ದರೇ ಚೆನ್ನಾಗಿತ್ತು.

ಇಲ್ಲಿರೋ ಪಾಠ ಇಷ್ಟು. ಇವತ್ತಿನ ಚಾರ್ಜರ್, ಅಡಾಪ್ಟರ್, ಎಲ್‌ಇಡಿ ಡ್ರೈವರ್ ಎಲ್ಲ ಸ್ವಿಚಿಂಗ್ ಸಪ್ಲೈಗಳು. ಸೆಕೆಂಡಿಗೆ ಹತ್ತಾರು ಸಾವಿರದಿಂದ ಲಕ್ಷದಷ್ಟು ಸಲ ಕರೆಂಟನ್ನ ಆನ್ ಆಫ್ ಮಾಡ್ತವೆ. ಚೌಕಾಕಾರದ ಅಲೆಯಲ್ಲಿ ಮೂಲ ಆವರ್ತನದ ಜತೆ ಅದರ ಮೂರು, ಐದು, ಏಳು, ಒಂಬತ್ತು ಪಟ್ಟೂ ಇರುತ್ತೆ ಅಂತ ಫೂರಿಯೆ ಸರಣಿಯಲ್ಲಿ ಓದಿದ್ದೀವಲ್ಲ? 68 ಕಿಲೋಹರ್ಟ್ಜಿನಲ್ಲಿ ಓಡೋ ಒಂದು ಅಡಾಪ್ಟರ್ ಅಂದುಕೊಳ್ಳಿ. ಅದರ ಒಂಬತ್ತನೇ ಪಟ್ಟು ಎಷ್ಟು? 612! ಒಳ್ಳೇ ಅಡಾಪ್ಟರಿನಲ್ಲಿ ಇದನ್ನ ತಡೆಯೋಕೆ ಫಿಲ್ಟರ್ ಇರುತ್ತೆ. ಅಗ್ಗದ ಮಾಲಿನಲ್ಲಿ ಅದನ್ನೇ ಮೊದಲು ಬಿಟ್ಟುಬಿಡ್ತಾರೆ. ಮಧ್ಯಮ ತರಂಗದಲ್ಲಿ ದನಿ ಇರೋದು ಅಲೆಯ ಎತ್ತರದಲ್ಲಿ, ಗಲಾಟೆ ಬಂದು ಕೂರೋದೂ ಅಲ್ಲೇ. ಹಾಗಾಗಿ ರೇಡಿಯೋಗೆ ಎರಡನ್ನೂ ಬೇರೆ ಮಾಡೋಕಾಗಲ್ಲ.

ನಿಮ್ಮ ಮನೆಯಲ್ಲೂ 'ಕೆಟ್ಟುಹೋದ' ರೇಡಿಯೋ ಇದ್ದರೆ ಬಿಸಾಕೋ ಮುಂಚೆ ಒಮ್ಮೆ ಮೇನ್ ಸ್ವಿಚ್ ಆರಿಸಿ, ಸೆಲ್ ಹಾಕಿ ಕೇಳಿ. ಇದಕ್ಕೆ ಯಾವ ಉಪಕರಣವೂ ಬೇಡ.

ದಾರಿ ಎರಡು: ಎಫ್ಎಂ

ಯಾದವಗಿರಿಯ ಮೈಸೂರು ಆಕಾಶವಾಣಿ ಎಫ್ಎಂನಲ್ಲಿ 100.6 ಮೆಗಾಹರ್ಟ್ಜ್. ಇಲ್ಲಿ ಅಲೆಯ ಉದ್ದ ಬರೀ ಮೂರು ಮೀಟರ್ ಹತ್ತಿರ. ದನಿ ಇರೋದು ಅಲೆಯ ಎತ್ತರದಲ್ಲಲ್ಲ, ಆವರ್ತನದ ಏರಿಳಿತದಲ್ಲಿ. ರಿಸೀವರ್ ಒಳಗಿನ ಲಿಮಿಟರ್ ಎತ್ತರದ ವ್ಯತ್ಯಾಸವನ್ನೆಲ್ಲ ಕತ್ತರಿಸಿ ಬಿಸಾಕುತ್ತೆ, ಅದರ ಜತೆ ಅಡಾಪ್ಟರಿನ ಗೊರ್ರ್ ಕೂಡ ಹೋಗುತ್ತೆ. ಅದಕ್ಕೇ ಎಫ್ಎಂ ಇಷ್ಟು ಶುದ್ಧ. ಆದರೆ ಈ ಅಲೆ ನೇರ ದಾರಿಯಲ್ಲೇ ಹೋಗೋದು, ಬಹಳ ದೂರ ಹೋಗೋದಿಲ್ಲ. ಮೈಸೂರು ದಾಟಿ ಮದ್ದೂರಿನ ಕಡೆ ಹೋದಂತೆ ದನಿ ಕರಗೋದನ್ನ ಬಸ್ಸಿನಲ್ಲಿ ಗಮನಿಸಿರ್ತೀರಿ.

ಕಡ್ಡಿ ಆಂಟೆನಾವನ್ನ ಅಲೆಯ ಕಾಲು ಭಾಗದಷ್ಟು, ಅಂದ್ರೆ ಸುಮಾರು 75 ಸೆಂಟಿಮೀಟರ್ ಎಳೆದರೆ ಒಳ್ಳೇದು. ಫೋನಿನಲ್ಲಿ ಎಫ್ಎಂ ಕೇಳೋಕೆ ಇಯರ್‌ಫೋನ್ ಚುಚ್ಚಲೇಬೇಕು ಅನ್ನುತ್ತಲ್ಲ, ಅದರ ಗುಟ್ಟೂ ಇದೇ: ಇಯರ್‌ಫೋನಿನ ತಂತಿಯೇ ಆಂಟೆನಾ. ತಂತಿ ಮುದ್ದೆ ಮಾಡಿ ಜೇಬಿಗೆ ಹಾಕಬೇಡಿ, ನೇರ ಬಿಡಿ. ಇಯರ್‌ಫೋನ್ ತೂತೇ ಇಲ್ಲದ ಹೊಸ ಫೋನುಗಳಲ್ಲಿ ಈ ದಾರಿ ಮುಚ್ಚಿಹೋಗಿದೆ. ಎಫ್ಎಂ ಸೌಲಭ್ಯ ಇರೋ ಫೋನಿನಲ್ಲಿ ಅದನ್ನ ಮುಚ್ಚಿಡಬೇಡಿ ಅಂತ ಕೇಂದ್ರ ಸರ್ಕಾರ 2023ರಲ್ಲಿ ಫೋನ್ ತಯಾರಕರಿಗೆ ಸಲಹೆಯನ್ನೂ ಕೊಟ್ಟಿತ್ತು. ಪ್ರವಾಹ ಬಂದು ಟವರ್ ಬಿದ್ದಾಗ ಕೆಲಸಕ್ಕೆ ಬರೋದು ಇದೇ.

ಎಲ್ಲ ಪಂದ್ಯವೂ ಎಲ್ಲ ಕೇಂದ್ರದಲ್ಲೂ ಬರೋದಿಲ್ಲ. ಪಂದ್ಯದ ಹಿಂದಿನ ದಿನವೇ ಆಕಾಶವಾಣಿಯ ಪ್ರಕಟಣೆ ನೋಡಿ, ಯಾವ ವಾಹಿನಿ ಅಂತ ಬರೆದಿಟ್ಟುಕೊಳ್ಳಿ.

ದಾರಿ ಮೂರು: ಆ್ಯಪ್

ಆಕಾಶವಾಣಿಯದ್ದೇ 'ನ್ಯೂಸ್ ಆನ್ ಎಐಆರ್' ಆ್ಯಪ್ ಇದೆ, ಪುಕ್ಕಟೆ. ದೇಶದ ಇನ್ನೂರಕ್ಕೂ ಹೆಚ್ಚು ಆಕಾಶವಾಣಿ ವಾಹಿನಿಗಳು ಅದರಲ್ಲಿ ಸಿಗ್ತವೆ. ಮಧ್ಯಮ ತರಂಗದ ಟ್ರಾನ್ಸ್‌ಮಿಟರ್‌ಗಳು ದೇಶದಲ್ಲಿ ಒಂದೊಂದಾಗಿ ಮುಚ್ಚುತ್ತಿರೋದರಿಂದ ಮುಂದೆ ಹೆಚ್ಚಿನವರಿಗೆ ಇದೇ ಗತಿ. ಗೊರ್ರ್ ಇಲ್ಲ, ದಿಕ್ಕು ನೋಡೋ ಹಾಗಿಲ್ಲ. ತೊಂದರೆ ಒಂದೇ: ತಡ.

ತಡ ಯಾಕೆ? ದನಿಯನ್ನ ಮೊದಲು ಕುಗ್ಗಿಸಬೇಕು, ಆಮೇಲೆ ಕೆಲವು ಸೆಕೆಂಡುಗಳ ತುಂಡುಗಳಾಗಿ ಕತ್ತರಿಸಬೇಕು. ಆ್ಯಪ್ ಅಂಥ ಎರಡು ಮೂರು ತುಂಡು ಕೈಯಲ್ಲಿ ಇಟ್ಟುಕೊಂಡೇ ನುಡಿಸೋಕೆ ಶುರು ಮಾಡೋದು, ನೆಟ್ ನಡುವೆ ಕೈ ಕೊಟ್ಟರೂ ಮಾತು ನಿಲ್ಲಬಾರದು ಅಂತ. ಆರು ಸೆಕೆಂಡಿನ ಮೂರು ತುಂಡು ಅಂದರೇ ಹದಿನೆಂಟು ಸೆಕೆಂಡ್ ಹೋಯ್ತು. ಪಕ್ಕದ ಮನೆಯವರು ಕೂಗಿ ಸುಮ್ಮನಾದ ಮೇಲೆ ನಮಗೆ ಸಿಕ್ಸರ್!

ಇದನ್ನ ಹಳೇ ರೇಡಿಯೋ ಜತೆ ಹೋಲಿಸಿ. ರೇಡಿಯೋ ಅಲೆ ಬೆಂಗಳೂರಿಂದ ಮೈಸೂರಿಗೆ ಬರೋಕೆ ಒಂದು ಸೆಕೆಂಡಿನ ಎರಡು ಸಾವಿರದಲ್ಲಿ ಒಂದು ಭಾಗ ಸಾಕು. ಅದೇ ಚಿನ್ನಸ್ವಾಮಿ ಸ್ಟೇಡಿಯಮ್ಮಿನಲ್ಲಿ 70 ಮೀಟರ್ ದೂರ ಕೂತವನಿಗೆ ಬ್ಯಾಟಿನ ಸದ್ದು ಗಾಳಿಯಲ್ಲಿ ಮುಟ್ಟೋಕೆ ಸೆಕೆಂಡಿನ ಐದನೇ ಒಂದು ಭಾಗ ಬೇಕು. ಅಂದ್ರೆ ವಿಕೆಟ್ ಹತ್ತಿರದ ಮೈಕಿನಿಂದ ತಂತಿ ದಾರಿಯಲ್ಲಿ ನೇರ ಬಂದ ಪ್ರಸಾರವಾದರೆ, ಕುವೆಂಪುನಗರದಲ್ಲಿ ಕೂತ ತಾತ ಬ್ಯಾಟಿನ 'ಟಕ್' ಕೇಳೋದು ಟಿಕೆಟ್ ತಗೊಂಡು ಹೋದವನಿಗಿಂತ ಮುಂಚೆ! ಪ್ರಸಾರ ಉಪಗ್ರಹ ಹತ್ತಿ ಇಳಿದು ಬಂದರೆ ಕಾಲು ಸೆಕೆಂಡ್ ಸೇರುತ್ತೆ, ಆಗ ಸ್ಟೇಡಿಯಮ್ಮಿನವನೇ ಮುಂದೆ. ಈ ಲೆಕ್ಕ ಹೇಳಿದಾಗ ತಾತ ಮೂರು ಸಲ ಹೇಳಿಸಿಕೊಂಡರು.

ದಾರಿ ನಾಲ್ಕು: ಲ್ಯಾಪ್‌ಟಾಪೇ ರೇಡಿಯೋ

ಇದು ನಮ್ಮಂಥವರಿಗೆ. ಆರ್‌ಟಿಎಲ್ ಎಸ್‌ಡಿಆರ್ ಅನ್ನೋ ಪೆನ್‌ಡ್ರೈವ್ ಗಾತ್ರದ ಡಾಂಗಲ್ ಸಿಗುತ್ತೆ. ಮೊದಲು ಟಿವಿ ನೋಡೋಕೆ ಮಾಡಿದ್ದ ಚಿಪ್ಪು, ಈಗ ಹವ್ಯಾಸಿಗಳ ಕೈಯಲ್ಲಿ ಅಗ್ಗದ ರಿಸೀವರ್. ಸುಮಾರು 24 ಮೆಗಾಹರ್ಟ್ಜಿನಿಂದ ಮೇಲೆ ಕೇಳಿಸುತ್ತೆ, ಹಾಗಾಗಿ ಎಫ್ಎಂ ಸಲೀಸು. ಪರದೆಯಲ್ಲಿ 100.6ರ ಶಿಖರ ಎದ್ದು ನಿಂತಿರೋದನ್ನ ಕಣ್ಣಾರೆ ನೋಡಿದರೆ ಕಮ್ಯುನಿಕೇಷನ್ ಪಾಠ ಒಂದೇ ಸಂಜೆಗೆ ತಲೆಗೆ ಹತ್ತುತ್ತೆ. ಡಾಂಗಲ್ ಇಲ್ಲದವರು ನೆದರ್‌ಲೆಂಡ್ಸಿನ ಟ್ವೆಂಟೆ ವಿಶ್ವವಿದ್ಯಾಲಯದ ರಿಸೀವರನ್ನ ಬ್ರೌಸರಿನಲ್ಲೇ ತೆರೆದು ಮುಳ್ಳು ತಿರುಗಿಸಬಹುದು. ಅಲ್ಲಿಯ ಆಂಟೆನಾ, ಇಲ್ಲಿಯ ಕಿವಿ.

ಬೇಸ್‌ಬಾಲ್‌ನವರು ಏನು ಮಾಡಿದರು?

ಚೆಂಡಿಗೂ ಚೆಂಡಿಗೂ ನಡುವೆ ಬಿಡುವಿರೋ ಆಟಗಳು ರೇಡಿಯೋಗೆ ಹೇಳಿ ಮಾಡಿಸಿದಂಥವು. ಆ ಬಿಡುವಿನಲ್ಲಿ ವಿವರಣೆಗಾರ ಚಿತ್ರ ಬರೀತಾನೆ. ಅದಕ್ಕೇ ಅಮೆರಿಕದಲ್ಲಿ ಬೇಸ್‌ಬಾಲ್ ಮತ್ತು ರೇಡಿಯೋ ಅಣ್ಣತಮ್ಮಂದಿರ ಹಾಗೆ ಬೆಳೆದವು. 1921ರ ಆಗಸ್ಟ್ 5ರಂದು ಪಿಟ್ಸ್‌ಬರ್ಗಿನ ಕೆಡಿಕೆಎ ಕೇಂದ್ರ ಮೊದಲ ಸಲ ಬೇಸ್‌ಬಾಲ್ ಪಂದ್ಯ ಪ್ರಸಾರ ಮಾಡಿತು. ಮಾತಾಡಿದವರು ಹೆರಾಲ್ಡ್ ಆರ್ಲಿನ್. ವೃತ್ತಿ? ಎಲೆಕ್ಟ್ರಿಕಲ್ ಎಂಜಿನಿಯರ್! ಟೆಲಿಫೋನನ್ನೇ ಮೈಕ್ ಮಾಡಿಕೊಂಡು ಪ್ರೇಕ್ಷಕರ ನಡುವೆ ಕೂತು ಹೇಳಿದರಂತೆ.

ಆಮೇಲೆ ಒಂದು ತಮಾಷೆ ಪದ್ಧತಿ ಬಂತು. ವಿವರಣೆಗಾರ ಮೈದಾನಕ್ಕೆ ಹೋಗೋದೇ ಇಲ್ಲ. ತಂತಿಯಲ್ಲಿ ಬರೋ ಚುಟುಕು ಸಂದೇಶ ನೋಡಿ, ಕಣ್ಣೆದುರೇ ನಡೀತಿರೋ ಹಾಗೆ ಹೇಳೋದು. ಮುಂದೆ ಅಮೆರಿಕದ ಅಧ್ಯಕ್ಷರಾದ ರೊನಾಲ್ಡ್ ರೇಗನ್ 1930ರ ದಶಕದಲ್ಲಿ ಅಯೋವಾದಲ್ಲಿ ಇದೇ ಕೆಲಸದಲ್ಲಿದ್ದರು. ಒಮ್ಮೆ ತಂತಿ ಕೆಟ್ಟಾಗ ಬ್ಯಾಟರ್ ಫೌಲ್ ಮೇಲೆ ಫೌಲ್ ಹೊಡೀತಿದ್ದಾನೆ ಅಂತ ಕಥೆ ಕಟ್ಟಿ ನಿಮಿಷಗಟ್ಟಲೆ ನೂಕಿದ್ದನ್ನ ಅವರೇ ಹೇಳಿಕೊಳ್ಳುತ್ತಿದ್ದರು. ಕ್ರಿಕೆಟ್ಟಲ್ಲೂ ಇದು ನಡೆದಿದೆ. 1938ರಲ್ಲಿ ಇಂಗ್ಲೆಂಡಿನಲ್ಲಿ ನಡೆದ ಆಶಸ್ ಸರಣಿಯನ್ನ ಆಸ್ಟ್ರೇಲಿಯಾದವರು ಸ್ಟುಡಿಯೋದಲ್ಲಿ ಕೂತು ತಂತಿ ಸಂದೇಶದಿಂದಲೇ 'ನೇರ' ಹೇಳಿದರು. ಬ್ಯಾಟಿನ ಸದ್ದಿಗೆ ಮರದ ತುಂಡಿನ ಮೇಲೆ ಪೆನ್ಸಿಲ್ ಕುಟ್ಟುತ್ತಿದ್ದರು.

ಲಾಸ್ ಏಂಜಲಿಸ್‌ನ ಡಾಡ್ಜರ್ಸ್ ತಂಡಕ್ಕೆ ವಿನ್ ಸ್ಕಲ್ಲಿ 1950ರಿಂದ 2016ರ ತನಕ, 67 ಋತು ವಿವರಣೆ ಕೊಟ್ಟರು. ಮೈದಾನದಲ್ಲೇ ಕೂತ ಜನ ಕೂಡ ಟ್ರಾನ್ಸಿಸ್ಟರ್ ತಂದು ಅವರ ಮಾತು ಕೇಳುತ್ತಿದ್ದರಂತೆ. ಟ್ರಾನ್ಸಿಸ್ಟರ್ ಕಿವಿಗಿಟ್ಟುಕೊಂಡು ಸ್ಟೇಡಿಯಮ್ಮಿಗೆ ಹೋಗೋದು ನಮ್ಮಲ್ಲೂ ಇತ್ತು. ಕಂಡದ್ದು ಅರ್ಥ ಆಗೋಕೂ ಒಮ್ಮೊಮ್ಮೆ ಯಾರಾದರೂ ಹೇಳಬೇಕು.

ಕೇಳೋದನ್ನ ಕಲಿಯೋದು: ತಟ್ಟೆ ಪಾಠ

ರೇಡಿಯೋ ಸಿಕ್ಕಿತು, ಆದರೆ ನಮಗೆ ಕೇಳೋಕೆ ಬರೋದಿಲ್ಲ ಅಂತ ಆಗ ಗೊತ್ತಾಯ್ತು. "ಕವರ್ಸ್ ಮತ್ತು ಪಾಯಿಂಟ್ ನಡುವೆ" ಅಂದರೆ ನಮ್ಮ ತಲೆಯಲ್ಲಿ ಖಾಲಿ. ಹುಟ್ಟಿದಾಗಿಂದ ಟಿವಿಯಲ್ಲಿ ನೋಡಿದವರು ನಾವು. ಕಲಿಸಿದ್ದು ತಾತ, ಊಟದ ತಟ್ಟೆ ಇಟ್ಟುಕೊಂಡು.

ತಟ್ಟೆ ಮೈದಾನ. ಅದನ್ನ ಗಡಿಯಾರ ಅಂದುಕೊಳ್ಳಿ. ಬೌಲರ್ ಹನ್ನೆರಡು ಗಂಟೆ ಕಡೆಯಿಂದ ಓಡಿ ಬರ್ತಾನೆ, ವಿಕೆಟ್ ಕೀಪರ್ ಆರು ಗಂಟೆ ಕಡೆ. ಬಲಗೈ ಬ್ಯಾಟ್ಸ್‌ಮನ್ ಆದರೆ ನಿಮ್ಮ ಬಲಭಾಗ ಆಫ್, ಎಡಭಾಗ ಲೆಗ್. ಒಂದು ಗಂಟೆಗೆ ಮಿಡ್ ಆಫ್, ಎರಡಕ್ಕೆ ಕವರ್, ಮೂರಕ್ಕೆ ಪಾಯಿಂಟ್, ಐದಕ್ಕೆ ಥರ್ಡ್ ಮ್ಯಾನ್, ಐದೂವರೆಗೆ ಸ್ಲಿಪ್. ಆ ಕಡೆ ಏಳಕ್ಕೆ ಫೈನ್ ಲೆಗ್, ಒಂಬತ್ತಕ್ಕೆ ಸ್ಕ್ವೇರ್ ಲೆಗ್, ಹತ್ತಕ್ಕೆ ಮಿಡ್ ವಿಕೆಟ್, ಹನ್ನೊಂದಕ್ಕೆ ಮಿಡ್ ಆನ್. 'ಲಾಂಗ್' ಅಂತ ಮುಂದೆ ಸೇರಿದರೆ ತಟ್ಟೆಯ ಅಂಚಿಗೆ, 'ಸಿಲ್ಲಿ' ಅಂದರೆ ನಡುವಿನ ಪಲ್ಯದ ಹತ್ತಿರ. ಎಡಗೈಯವನು ಬಂದರೆ ಎಲ್ಲ ಕನ್ನಡಿಯ ಹಾಗೆ ಅದಲುಬದಲು.

ಎರಡನೇ ಪಾಠ: ಸ್ಕೋರ್ ಬರೆಯಿರಿ. ಒಂದು ಓವರಿಗೆ ಒಂದು ಸಾಲು, ಆರು ಚೆಂಡು, ರನ್ ಇಲ್ಲದ್ದಕ್ಕೆ ಚುಕ್ಕಿ, ಔಟಿಗೆ ಡಬ್ಲ್ಯೂ. ಬರೆಯುವ ಕೈ ಇದ್ದರೆ ಫೋನ್ ಹಿಡಿಯೋ ಕೈ ಇರೋದಿಲ್ಲ, ಗಮನ ಚದುರೋದಿಲ್ಲ. ತಾತ ಬರೆಯೋಕಾಗದಿದ್ದಕ್ಕೆ ಕವಡೆ ಇಟ್ಟುಕೊಂಡಿದ್ದಾರೆ. ಚೆಂಡಿಗೊಂದು ಕವಡೆ ಎಡದಿಂದ ಬಲಕ್ಕೆ, ಆರಾದ ಮೇಲೆ ವಾಪಸ್.

ಮೂರನೇ ಪಾಠ: ಜನರ ಸದ್ದು ಕೇಳಿ. ವಿವರಣೆಗಾರ ಹೇಳೋ ಮುಂಚೆ ಜನ ಹೇಳಿಬಿಟ್ಟಿರ್ತಾರೆ. ಬೌಂಡರಿಗೆ ಸದ್ದು ಮೆಲ್ಲಗೆ ಏರುತ್ತೆ, ವಿಕೆಟ್ಟಿಗೆ ಒಮ್ಮೆಲೇ ಸಿಡಿಯುತ್ತೆ. ನಮ್ಮವರು ಔಟಾದರೆ ತುಂಬಿದ ಮೈದಾನ ತಟ್ಟನೆ ಮೌನ. "ಆ ಮೌನ ಇದೆಯಲ್ಲ, ಟಿವಿಯಲ್ಲಿ ಅದು ಕೇಳಿಸಲ್ಲ" ಅಂತಾರೆ ತಾತ.

ಆ ಮೌನವನ್ನ ಅವರು ಕಣ್ಣಿದ್ದಾಗಲೇ ಒಮ್ಮೆ ಕೇಳಿದ್ದಾರೆ. 2010ರ ಜನವರಿ 14, ಸಂಕ್ರಾಂತಿ. ನಮ್ಮೂರಿನ ಮಾನಸಗಂಗೋತ್ರಿಯ ಗ್ಲೇಡ್ಸ್ ಮೈದಾನದಲ್ಲಿ ಕರ್ನಾಟಕ ಮತ್ತು ಮುಂಬಯಿ ನಡುವೆ ರಣಜಿ ಫೈನಲ್. ಗೆಲ್ಲೋಕೆ 338 ಬೇಕು. ಮನೀಶ್ ಪಾಂಡೆ 144 ಹೊಡೆದರು. ಕರ್ನಾಟಕ 331ಕ್ಕೆ ಆಲೌಟ್, ಸೋಲು 6 ರನ್ನಿನಿಂದ. ಆಗ ನಮಗೆ ಮೂರೋ ನಾಲ್ಕೋ ವರ್ಷ. ತಾತ ಎಳ್ಳುಬೆಲ್ಲ ಜೇಬಲ್ಲಿಟ್ಟುಕೊಂಡು ಹೋದವರು ತಿನ್ನದೆ ವಾಪಸ್ ತಂದರಂತೆ.

ರೇಡಿಯೋದಲ್ಲಿ ಗೆದ್ದ ದಿನವೂ ಇದೆ. 1996ರ ಅಕ್ಟೋಬರ್ 21, ಬೆಂಗಳೂರು, ಟೈಟನ್ ಕಪ್, ಎದುರಾಳಿ ಆಸ್ಟ್ರೇಲಿಯಾ. 216 ಬೇಕು, 164ಕ್ಕೆ 8 ವಿಕೆಟ್ ಬಿದ್ದಿದೆ, ಸಚಿನ್ ಔಟ್. ಅವರ ಬೀದಿಯಲ್ಲಿ ಕರೆಂಟೂ ಇಲ್ಲ. ಸೆಲ್ ರೇಡಿಯೋ ಸುತ್ತ ಹನ್ನೆರಡು ಜನ. ಉಳಿದ 52 ರನ್ ಹೊಡೆದು ಗೆಲ್ಲಿಸಿದವರು ಜಾವಗಲ್ ಶ್ರೀನಾಥ್ ಮತ್ತು ಅನಿಲ್ ಕುಂಬ್ಳೆ. ಒಬ್ಬರು ಮೈಸೂರಿನ ಎಸ್‌ಜೆಸಿಇಯಲ್ಲಿ ಇನ್‌ಸ್ಟ್ರುಮೆಂಟೇಷನ್ ಓದಿದವರು, ಇನ್ನೊಬ್ಬರು ಬೆಂಗಳೂರಿನ ಆರ್‌ವಿಯಲ್ಲಿ ಮೆಕ್ಯಾನಿಕಲ್. ಬ್ಯಾಕ್‌ಲಾಗ್ ಇರೋ ಗೆಳೆಯರೇ, ಎಂಜಿನಿಯರುಗಳು ಕೊನೇ ಗಳಿಗೆಯಲ್ಲಿ ದಡ ಸೇರಿಸ್ತಾರೆ ಅನ್ನೋದಕ್ಕೆ ಇದೇ ಸಾಕ್ಷಿ.

ಕಿವಿಯಿಂದಲೇ ಆಡೋರು

ಒಂದು ಹೆಜ್ಜೆ ಮುಂದೆ ಹೋಗಿ. ಅಂಧರ ಕ್ರಿಕೆಟ್ಟಿನಲ್ಲಿ ಗಟ್ಟಿ ಪ್ಲಾಸ್ಟಿಕ್ ಚೆಂಡಿನೊಳಗೆ ಬೇರಿಂಗ್ ಗುಂಡುಗಳಿರುತ್ತವೆ, ಉರುಳಿದರೆ ಗಲಗಲ ಅನ್ನುತ್ತೆ. ಬೌಲರ್ ಕೈ ಕೆಳಗಿಂದ ಎಸೀತಾನೆ. ಎಸೆಯೋ ಮುಂಚೆ 'ರೆಡಿ?' ಅಂತ ಕೇಳಿ, ಉತ್ತರ ಬಂದ ಮೇಲೆ 'ಪ್ಲೇ' ಅಂತ ಕೂಗಬೇಕು. ಅಂಧರ ಮೊದಲ ಟಿ20 ವಿಶ್ವಕಪ್ ನಡೆದದ್ದು 2012ರಲ್ಲಿ ನಮ್ಮ ಬೆಂಗಳೂರಿನಲ್ಲೇ. ಭಾರತ ಫೈನಲ್ಲಿನಲ್ಲಿ ಪಾಕಿಸ್ತಾನವನ್ನ ಸೋಲಿಸಿತು. ನಾಯಕ ಶಿವಮೊಗ್ಗ ಜಿಲ್ಲೆಯ ಶೇಖರ್ ನಾಯಕ್, ಅವರಿಗೆ 2017ರಲ್ಲಿ ಪದ್ಮಶ್ರೀ ಬಂತು. ತಾತನಿಗೆ ಇದು ಗೊತ್ತಿರಲಿಲ್ಲ. ನಾಚಿಕೆ ಅಂದ್ರೆ, ನಮಗೂ ಗೊತ್ತಿರಲಿಲ್ಲ.

ಈಗ ತಾತನ ಮನೆಯಲ್ಲಿ

ಕೊನೆಗೆ ನಾವು ಎರಡು ದಾರಿ ಇಟ್ಟಿದ್ದೀವಿ. ದಿನದ ವಾರ್ತೆಗೆ ಹಳೇ ರೇಡಿಯೋ, ಕಿಟಕಿ ಪಕ್ಕ, ಬೆನ್ನು ಬೆಂಗಳೂರಿಗೆ, ಮುಳ್ಳು 612ಕ್ಕೆ. ಪಂದ್ಯದ ದಿನಕ್ಕೆ ಅಜ್ಜಿಯ ಫೋನಿನಲ್ಲಿ ಆ್ಯಪ್, ತಂತಿ ಹಾಕಿದ ಒಂದು ಪುಟ್ಟ ಸ್ಪೀಕರ್. ಗೆಳೆಯ ಒಳ್ಳೇ ಅಡಾಪ್ಟರ್ ತಂದ, ತಿಂಗಳ ಪಾಕೆಟ್ ಮನಿ ಅದಕ್ಕೇ ಹೋಯ್ತು.

ಹೋದ ಪಂದ್ಯಕ್ಕೆ ನಾವೂ ಹೋಗಿದ್ವಿ. ಟಿವಿ ಹಾಕಲಿಲ್ಲ. ತಟ್ಟೆ, ಕವಡೆ, ಕಾಗದ. ಆ್ಯಪ್ ತಡ ಅಂದೆವಲ್ಲ, ಅದನ್ನ ತಾತ ಹೇಗೆ ಬಳಸಿಕೊಂಡರು ಕೇಳಿ. ಪಕ್ಕದ ಮನೆ ಟಿವಿ ಮುಂದೆ ಹುಡುಗರು 'ಹೋ' ಅಂತ ಕೂಗಿದ್ದು ಅವರ ಕಿವಿಗೆ ಮೊದಲು ಬಿತ್ತು. ನಮಗೆ ಬೀಳಲಿಲ್ಲ. ಅವರು ಗಂಭೀರವಾಗಿ ಅಜ್ಜಿ ಕಡೆ ತಿರುಗಿ, "ನೋಡ್ತಿರು, ಈಗ ಒಂದು ವಿಕೆಟ್ ಬೀಳುತ್ತೆ" ಅಂದರು. ಎರಡು ಚೆಂಡಿಗೆ ಬಿತ್ತು. ಅಜ್ಜಿ ಬಾಯಿ ಬಿಟ್ಟುಕೊಂಡು ನೋಡಿದರು. ಹೀಗೇ ಮೂರು ಸಲ ಆದ ಮೇಲೆ ನಮಗೆ ಅರ್ಥ ಆಗಿದ್ದು. ಅಜ್ಜಿಗೆ ಇನ್ನೂ ಹೇಳಿಲ್ಲ.

ನಡುವೆ ನಮ್ಮಲ್ಲೊಬ್ಬ ಫೋನ್ ಬಂತು ಅಂತ ಹೊರಗೆ ಹೋಗಿ ಬಂದು, "ಏನಾಯ್ತು ತಾತ?" ಅಂತ ಕೇಳಿದ. ತಾತ ಆ ಓವರಿನ ಆರೂ ಚೆಂಡನ್ನ ಒಂದೊಂದಾಗಿ, ಎಲ್ಲಿಗೆ ಹೋಯ್ತು, ಯಾರು ಹಿಡಿದರು, ಎಷ್ಟು ಓಡಿದರು ಅಂತ ಪೂರ್ತಿ ಹೇಳಿದರು.

ನಿಮ್ಮ ಮನೆ ಬೀರುವಿನ ಮೇಲೂ ಬಟ್ಟೆ ಸುತ್ತಿದ ರೇಡಿಯೋ ಇರಬಹುದು. ಈ ಸಲ ರಜಕ್ಕೆ ಊರಿಗೆ ಹೋದಾಗ ಇಳಿಸಿ, ಹೊಸ ಸೆಲ್ ಹಾಕಿ. ಮೊದಲು ನಿಮ್ಮ ಚಾರ್ಜರ್ ಕಿತ್ತಿಡಿ.